ಎಣಿಸುವವನು ಟಿಕೆಟ್ ಹರಿಯುವವನಾಗಬಾರದು

ಸಾಲು ರಜೆ ಬಂತೆಂದರೆ ಮಲ್ಪೆಯಿಂದ ಸೇಂಟ್ ಮೇರೀಸ್ ದ್ವೀಪಕ್ಕೆ ಹೋಗುವ ಬೋಟುಗಳಿಗೆ, ಮುರ್ಡೇಶ್ವರದ ಕಡಲಿಗೆ, ಶರಾವತಿ ಹಿನ್ನೀರಿಗೆ ಜನ ಮುಗಿಬೀಳುತ್ತಾರೆ. ಹೋಗಲಿ, ಖುಷಿಪಡಲಿ. ನನ್ನ ಹಠ ಒಂದೇ: ದೋಣಿಗೆ ಎಷ್ಟು ಜನ ಹತ್ತಿದರೆಂದು ಎಣಿಸುವವನಿಗೆ ಆ ದೋಣಿಯ ದುಡ್ಡಿನಲ್ಲಿ ಪಾಲಿರಬಾರದು.

2019ರ ಜನವರಿ 21ರಂದು ಕಾರವಾರದ ಕೂರ್ಮಗಡ ದ್ವೀಪದಲ್ಲಿ ನರಸಿಂಹ ದೇವರ ಜಾತ್ರೆ. ದರ್ಶನ ಮುಗಿಸಿ ಬರುತ್ತಿದ್ದವರ ದೋಣಿ ಮಗುಚಿ 16 ಜನ ತೀರಿಕೊಂಡರು. 2023ರ ಮೇ 7ರಂದು ಕೇರಳದ ತಾನೂರಿನಲ್ಲಿ 22 ಜನ. ಅದು ಮೀನು ಹಿಡಿಯುವ ದೋಣಿಯನ್ನೇ ಮಾರ್ಪಡಿಸಿ ವಿಹಾರಕ್ಕೆ ಬಿಟ್ಟಿದ್ದ ಬೋಟು, ಕತ್ತಲಾದ ಮೇಲೂ ಓಡಿಸಿದ್ದರು. ಮರುವರ್ಷ ಜನವರಿಯಲ್ಲಿ ವಡೋದರದ ಹರ್ಣಿ ಕೆರೆಯಲ್ಲಿ ಪಿಕ್‌ನಿಕ್‌ಗೆ ಬಂದ 12 ಮಕ್ಕಳು, ಇಬ್ಬರು ಶಿಕ್ಷಕಿಯರು. ಮೂರೂ ಕಡೆ ಹಿಡಿಸುವುದಕ್ಕಿಂತ ಹೆಚ್ಚು ಜನರನ್ನು ತುಂಬಿದ್ದರು.

ಕಾನೂನಿಲ್ಲ ಎನ್ನುವಂತಿಲ್ಲ. ನದಿ, ಹಿನ್ನೀರುಗಳಿಗೆ 1917ರ ಕಾಯ್ದೆಯ ಜಾಗದಲ್ಲಿ 2021ರ ಒಳನಾಡು ಹಡಗುಗಳ ಕಾಯ್ದೆ ಬಂದಿದೆ. ಯಂತ್ರದ ದೋಣಿಗೆ ನೋಂದಣಿ, ಸರ್ವೆ (ಅಂದರೆ ದೋಣಿಯ ತಪಾಸಣೆ), ವಿಮೆ ಬೇಕು, ನಡೆಸುವವರಿಗೆ ಅರ್ಹತಾ ಪತ್ರ ಬೇಕು. ಆದರೆ ಪತ್ರ ಕಚೇರಿಯ ಫೈಲಿನಲ್ಲಿರುತ್ತದೆ. ಜನ ತುಂಬುವುದು ಜೆಟ್ಟಿಯಲ್ಲಿ.

ಅಲ್ಲಿ ನಡೆಯುವುದನ್ನು ನೋಡಿ. 'ನಾವೆಲ್ಲ ಒಂದೇ ಫ್ಯಾಮಿಲಿ ಅಣ್ಣಾ, ಇಬ್ಬರು ಜಾಸ್ತಿ ಅಷ್ಟೇ, ಅಡ್ಜಸ್ಟ್ ಮಾಡಿ' ಎನ್ನುವವರು ನಾವೇ. ಬೋಟಿನವನಿಗೆ ಮಳೆಗಾಲದ ತಿಂಗಳುಗಳಲ್ಲಿ ದುಡಿಮೆಯೇ ಇಲ್ಲ, ಡೀಸೆಲ್ ಖರ್ಚು ಬೇರೆ. ಬೇಡ ಎನ್ನುವ ಶಕ್ತಿಯನ್ನು ಅವನೊಬ್ಬನಲ್ಲೇ ಹುಡುಕುವುದು ಅನ್ಯಾಯ.

ಜನರ ಲೆಕ್ಕದಷ್ಟೇ ಮುಖ್ಯ, ಅವರು ಎಲ್ಲಿ ನಿಲ್ಲುತ್ತಾರೆ ಎಂಬುದು. 2009ರಲ್ಲಿ ತೇಕ್ಕಡಿಯಲ್ಲಿ 45 ಜನರನ್ನು ಬಲಿ ತೆಗೆದುಕೊಂಡದ್ದು ಎರಡಂತಸ್ತಿನ ಬೋಟು. ಮೇಲೆ ಭಾರ ಹೆಚ್ಚಿದಷ್ಟೂ ದೋಣಿಯ ಸ್ಥಿರತೆ ಕಡಿಮೆ. ಅಂಥ ಹೊತ್ತಿನಲ್ಲಿ ಕಾಡುಪ್ರಾಣಿಯನ್ನೋ ಡಾಲ್ಫಿನ್ನನ್ನೋ ನೋಡಲು ಎಲ್ಲರೂ ಒಂದೇ ಬದಿಗೆ ನುಗ್ಗಿದರೆ ವಾಲಿದ್ದು ಮತ್ತೆ ನೆಟ್ಟಗಾಗುವುದಿಲ್ಲ.

ಇನ್ನು ಲೈಫ್ ಜಾಕೆಟ್. ಎಷ್ಟೋ ಬೋಟುಗಳಲ್ಲಿ ಅದು ಸೀಟಿನಡಿ ಹಗ್ಗ ಬಿಗಿದ ಗಂಟು. ಕೊಟ್ಟರೂ ಬಕಲ್ ಹಾಕದೆ ಹೆಗಲಿಗೆ ನೇತುಹಾಕಿಕೊಂಡು ಸೆಲ್ಫಿ ತೆಗೆಯುತ್ತೇವೆ. ನೀರಿಗೆ ಬಿದ್ದ ಕ್ಷಣ ಜಾಕೆಟ್ ಮೇಲಕ್ಕೆ, ಮೈ ಕೆಳಕ್ಕೆ. ಐದು ವರ್ಷದ ಮಗುವಿಗೆ ದೊಡ್ಡವರ ಜಾಕೆಟ್ ತೊಡಿಸಿದರೆ ಮಗು ಅದರೊಳಗಿಂದ ಜಾರಿಹೋಗುತ್ತದೆ. ಹಾಕಿಸಿದ ಮೇಲೆ ಭುಜದ ಪಟ್ಟಿ ಹಿಡಿದು ಮೇಲೆತ್ತಿ. ಕಿವಿವರೆಗೆ ಬಂದರೆ ಆ ಅಳತೆ ಆಗದು, ಬೇರೆ ಕೇಳಿ. ಇಲ್ಲವೆಂದರೆ ಹತ್ತಬೇಡಿ.

ಪ್ರತಿ ಜೆಟ್ಟಿಯಲ್ಲೂ ಜಿಲ್ಲಾಡಳಿತ ನೇಮಿಸಿದ ಒಬ್ಬರು ನಿಲ್ಲಲಿ. ದೋಣಿಯ ಮೈಮೇಲೆ ದೊಡ್ಡದಾಗಿ ಕನ್ನಡದಲ್ಲಿ ಬರೆದ ಸಂಖ್ಯೆ ನೋಡಿ ತಲೆ ಎಣಿಸಲಿ, ಬಕಲ್ ಎಳೆದು ನೋಡಲಿ. ಆಮೇಲೆ ಹಗ್ಗ ಬಿಚ್ಚಲಿ. ಸಂಬಳಕ್ಕೆ ದುಡ್ಡೆಲ್ಲಿ ಎಂದು ಕೇಳುವವರಿಗೆ: ಟಿಕೆಟಿನ ಮೇಲೆ ಹತ್ತು ರೂಪಾಯಿ ಹೆಚ್ಚಿಗೆ ತೆಗೆದುಕೊಳ್ಳಿ, ನೇರವಾಗಿ ಜಿಲ್ಲಾಡಳಿತದ ಖಾತೆಗೆ ಹೋಗಲಿ. ಪಾರ್ಕಿಂಗಿಗೆ ಐವತ್ತು ಕೊಡುವ ನಾವು ಅದನ್ನೂ ಕೊಡುತ್ತೇವೆ.