ಕೊರಿಯಾದ ತಿಮ್ಮಯ್ಯನವರು ನಮಗೆ ಬೇಡವಾದರೇ?

ನಿನ್ನೆ ಮಡಿಕೇರಿಯಲ್ಲಿ ಹೈಸ್ಕೂಲ್ ಮಕ್ಕಳ ಭಾಷಣ ಸ್ಪರ್ಧೆ ಇತ್ತು. ವಿಷಯ ನಮ್ಮ ಕೊಡಗಿನವರೇ, ಭೂಸೇನೆಯ ಮುಖ್ಯಸ್ಥರಾಗಿದ್ದ ಜನರಲ್ ತಿಮ್ಮಯ್ಯ. ತೀರ್ಪುಗಾರರಲ್ಲಿ ನಾನೂ ಒಬ್ಬಳು. ಬೆಳಗಾದರೂ ಸಿಟ್ಟು ಇಳಿದಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ಉದ್ದವಾದರೆ ಸಹಿಸಿಕೊಳ್ಳಿ.

ಮಕ್ಕಳು ಚೆನ್ನಾಗಿಯೇ ಮಾತಾಡಿದರು. ಆದರೆ ಒಬ್ಬರಾದ ಮೇಲೆ ಒಬ್ಬರು ಅವೇ ಎರಡು ಕಥೆ ಹೇಳಿದರು. 1948ರಲ್ಲಿ ಕಾಶ್ಮೀರದ ಜೋಜಿಲಾ ಕಣಿವೆಗೆ ಟ್ಯಾಂಕ್ ಹತ್ತಿಸಿದ್ದು, 1959ರಲ್ಲಿ ರಕ್ಷಣಾ ಸಚಿವ ಕೃಷ್ಣ ಮೆನನ್ ಜೊತೆ ಹೊಂದಿಕೆಯಾಗದೆ ರಾಜೀನಾಮೆ ಬರೆದದ್ದು. ಒಬ್ಬ ಹುಡುಗಿ ಮಾತ್ರ ಬೇರೆ ದಾರಿ ಹಿಡಿದಳು. ಮೈಕನ್ನು ಯಾರೂ ಅವಳ ಎತ್ತರಕ್ಕೆ ಇಳಿಸಿಕೊಡಲಿಲ್ಲ. ಪಾಪ, ಹಿಮ್ಮಡಿ ಎತ್ತಿಕೊಂಡೇ ಐದು ನಿಮಿಷವೂ ನಿಂತಿದ್ದಳು. ಅವಳು ಮಾತಾಡಿದ್ದು ಕೊರಿಯಾದ ಬಗ್ಗೆ. "ಅಲ್ಲಿ ಅವರಿಗೆ ಶತ್ರು ಅಂತ ಯಾರೂ ಇರಲಿಲ್ಲ, ಅದಕ್ಕೇ ಆ ಕೆಲಸ ಅಷ್ಟು ಕಷ್ಟವಾಗಿತ್ತು" ಅಂದಳು. ನಾನು ಪೆನ್ ಕೆಳಗಿಟ್ಟು ಕೇಳುತ್ತಾ ಕೂತೆ.

ಅವಳಿಗೆ ಸಮಾಧಾನಕರ ಬಹುಮಾನವೂ ಬರಲಿಲ್ಲ. ನಾನು ಎಷ್ಟು ವಾದಿಸಿದರೂ ಉಳಿದಿಬ್ಬರು ಒಪ್ಪಲಿಲ್ಲ. "ಆವೇಶ ಸಾಲದು ಮೇಡಂ, ಸೈನಿಕನ ಬಗ್ಗೆ ಮಾತಾಡುವಾಗ ರಕ್ತ ಬಿಸಿಯಾಗಬೇಕು" ಅಂದರು.

ಕೊರಿಯಾದಲ್ಲಿ ಏನಾಗಿತ್ತು ಅಂತ ಒಮ್ಮೆ ನೋಡಿ. ಉತ್ತರ ಮತ್ತು ದಕ್ಷಿಣ ಕೊರಿಯಾಗಳ ಯುದ್ಧಕ್ಕೆ 1953ರ ಜುಲೈನಲ್ಲಿ ಕದನವಿರಾಮವಾಯಿತು. ಸ್ವಂತ ದೇಶಕ್ಕೆ ಮರಳಲು ಒಪ್ಪದ 22,000ಕ್ಕೂ ಹೆಚ್ಚು ಚೀನೀ ಮತ್ತು ಕೊರಿಯನ್ ಯುದ್ಧಕೈದಿಗಳು ದಕ್ಷಿಣದ ಪರವಿದ್ದ ವಿಶ್ವಸಂಸ್ಥೆಯ ಪಡೆಯ ಕೈಯಲ್ಲಿ ಉಳಿದರು, ಉತ್ತರ ಕೊರಿಯಾ ಮತ್ತು ಚೀನಾದ ಕೈಯಲ್ಲಿ ಮುನ್ನೂರು ಚಿಲ್ಲರೆ ಮಂದಿ. ಇವರನ್ನು ಏನು ಮಾಡುವುದು? ಅದನ್ನು ನೋಡಿಕೊಳ್ಳಲು ಐದು ತಟಸ್ಥ ದೇಶಗಳ ಆಯೋಗವಾಯಿತು, ಅದರ ಅಧ್ಯಕ್ಷರು ನಮ್ಮ ಕೊಡಂದೇರ ಸುಬ್ಬಯ್ಯ ತಿಮ್ಮಯ್ಯ. ಪೋಲೆಂಡ್ ಮತ್ತು ಜೆಕೊಸ್ಲೊವಾಕಿಯಾ ಒಂದು ಕಡೆ ಎಳೆದರೆ ಸ್ವೀಡನ್ ಮತ್ತು ಸ್ವಿಟ್ಜರ್ಲೆಂಡ್ ಇನ್ನೊಂದು ಕಡೆ ಎಳೆಯುತ್ತಿದ್ದವು. ನಡುವೆ ನಿರ್ಧಾರದ ಭಾರವೆಲ್ಲ ಭಾರತದ ಮೇಲೆ. ದಕ್ಷಿಣ ಕೊರಿಯಾದ ಅಧ್ಯಕ್ಷ ಸಿಂಗ್‌ಮನ್ ರೀ ಅಂತೂ ಭಾರತೀಯ ಸೈನಿಕರು ತನ್ನ ನೆಲಕ್ಕೆ ಕಾಲಿಡಕೂಡದು ಅಂದುಬಿಟ್ಟರು. ಹಾಗಾಗಿ ನಮ್ಮವರನ್ನು ಹಡಗಿನಿಂದಲೇ ಹೆಲಿಕಾಪ್ಟರ್‌ನಲ್ಲಿ ಎತ್ತಿ ಸೇನಾರಹಿತ ವಲಯಕ್ಕೆ ಇಳಿಸಬೇಕಾಯಿತು.

ಅಲ್ಲಿ ಮೇಜರ್ ಜನರಲ್ ಥೋರಾಟ್ ಅವರ ಕೈಕೆಳಗಿದ್ದ ನಮ್ಮ ಜವಾನರ ಮೇಲೆ ಕೈದಿಗಳೇ ಕಲ್ಲು ತೂರಿದರು. ಶಿಬಿರದೊಳಗೆ ಮುಖಂಡರು ಉಳಿದವರನ್ನು ಹೆದರಿಸಿಟ್ಟಿದ್ದರು. ಎರಡೂ ಬಣದ ಪತ್ರಿಕೆಗಳು ಬೈಯುತ್ತಿದ್ದವು. ಕೈಯಲ್ಲಿ ಬಂದೂಕಿದ್ದೂ ಆದಷ್ಟೂ ಗುಂಡು ಹಾರಿಸದೆ ತಾಳ್ಮೆ ಹಿಡಿಯುವುದೇ ಅಲ್ಲಿಯ ದಿನನಿತ್ಯದ ಡ್ಯೂಟಿ. ಕೊನೆಗೆ ಎರಡೂ ಕಡೆ ಬೇಡವೆಂದ 88 ಮಂದಿ 1954ರ ಫೆಬ್ರವರಿಯಲ್ಲಿ ನಮ್ಮವರ ಜೊತೆಗೇ ಹಡಗು ಹತ್ತಿ ಭಾರತಕ್ಕೆ ಬಂದರು. ಊರು, ದೇಶ ಎಲ್ಲ ಬಿಟ್ಟವರು ಕಾವಲಿಗಿದ್ದವರ ದೇಶವನ್ನು ನಂಬಿದರು! ಇದಕ್ಕೆ ರಕ್ತ ಬಿಸಿಯಾಗದಿದ್ದರೆ ಇನ್ನೆಂಥದ್ದಕ್ಕೆ ಆಗುವುದು?

ಜೋಜಿಲಾ ಸಣ್ಣದು ಅಂತ ನಾನು ಹೇಳುತ್ತಿಲ್ಲ. ಹೇಳಿದರೆ ನಾಲಿಗೆ ಬಿದ್ದೀತು. ಗೋಪುರ ಕಳಚಿ ಗುರುತು ಮರೆಸಿ ತಂದ ಸ್ಟುವರ್ಟ್ ಟ್ಯಾಂಕ್‌ಗಳನ್ನು 11,000 ಅಡಿಗೂ ಮೇಲೆ, ನವೆಂಬರ್ 1ರ ಚಳಿಯಲ್ಲಿ ಕಣಿವೆ ದಾಟಿಸಿದ್ದು, ಡಿವಿಷನ್ ಕಮಾಂಡರ್ ಆಗಿದ್ದವರು ತಾವೇ ಮುಂದಿನ ಟ್ಯಾಂಕಿನಲ್ಲಿ ಕೂತದ್ದು, ಇದನ್ನು ಮಕ್ಕಳು ಹೇಳಲೇಬೇಕು. ಎರಡನೇ ಮಹಾಯುದ್ಧದಲ್ಲಿ ರಣರಂಗದ ಬ್ರಿಗೇಡ್ ಒಂದನ್ನು ನಡೆಸಿದ ಏಕೈಕ ಭಾರತೀಯ ಅನ್ನುವುದನ್ನೂ ಹೇಳಲಿ. ನನ್ನ ತಕರಾರು ಬೇರೆ. ಇಷ್ಟನ್ನು ಮಾಡಿದ ಮನುಷ್ಯ ಕೊರಿಯಾದಲ್ಲಿ ಗುಂಡಿಗಿಂತ ತಾಳ್ಮೆಯನ್ನೇ ನಂಬಿ ನಿಂತರಲ್ಲ, ಅದು ಯಾಕೆ ನಮ್ಮ ಲೆಕ್ಕಕ್ಕೇ ಬರುವುದಿಲ್ಲ?

"ಮಕ್ಕಳಿಗೆ ಸ್ಫೂರ್ತಿ ಬೇಕು, ರಾಜತಾಂತ್ರಿಕತೆ ಅರ್ಥವಾಗಲ್ಲ" ಅಂತ ಒಬ್ಬರು ಚಹಾ ಕುಡಿಯುತ್ತಾ ಹೇಳಿದರು. ಹದಿನಾಲ್ಕರ ಹುಡುಗಿಗೆ ಅರ್ಥವಾಗಿದೆ ಸ್ವಾಮಿ, ನಿಮ್ಮ ಕಣ್ಣೆದುರೇ ನಿಂತು ಹೇಳಿದ್ದಾಳೆ! ಅದೇ ವೇದಿಕೆಯಲ್ಲಿ ಅತಿಥಿಯೊಬ್ಬರು "1962ರಲ್ಲಿ ತಿಮ್ಮಯ್ಯನವರು ಸೈನ್ಯವನ್ನು ಮುನ್ನಡೆಸಿದಾಗ" ಅಂದರು, ಜೋರು ಚಪ್ಪಾಳೆ ಬಿತ್ತು. 1959ರ ರಾಜೀನಾಮೆಯನ್ನು ಹಿಂಪಡೆದಿದ್ದ ತಿಮ್ಮಯ್ಯನವರು ನಿವೃತ್ತರಾದದ್ದು 1961ರ ಮೇ ತಿಂಗಳಲ್ಲಿ. ಆವೇಶ ಇದ್ದರೆ ಸಾಕು, ಇಸವಿ ಹೇಗಿದ್ದರೂ ನಡೆಯುತ್ತದೆ ಅನ್ನುವ ಮಟ್ಟಕ್ಕೆ ಬಂದೆವಲ್ಲ ಅಂತ ಹೊಟ್ಟೆ ಉರಿಯಿತು.

ಇದು ನನ್ನನ್ನು ಇಷ್ಟು ಚುಚ್ಚಲು ಮನೆಯದೇ ಕಾರಣ ಒಂದುಂಟು, ಇಲ್ಲಿಯವರೆಗೆ ಎಲ್ಲೂ ಬರೆದಿರಲಿಲ್ಲ. ನನ್ನ ಅಣ್ಣ ಸುಬೇದಾರ್ ಆಗಿ ನಿವೃತ್ತನಾದವನು ಅಂತ ನಿಮಗೆಲ್ಲ ಗೊತ್ತು. ಅವನು ವಿಶ್ವಸಂಸ್ಥೆಯ ಪಡೆಯಲ್ಲಿ ಲೆಬನಾನ್‌ಗೆ ಹೋಗಿಬಂದ ವರ್ಷ ಕೈಲ್‌ಪೊಳ್ದ್ ಹಬ್ಬದ ದಿನ ನೆಂಟರೆಲ್ಲ ಸೇರಿದ್ದರು. ತೋರಿಸೋಣ ಅಂತ ನೀಲಿ ಟೊಪ್ಪಿ ತಂದಿಟ್ಟಿದ್ದ. ಮಾವ ಒಬ್ಬರು ಕಡಂಬುಟ್ಟು ಮುರಿಯುತ್ತಾ ಕೇಳಿದರು, "ಅಲ್ಲಿ ಒಂದು ಗುಂಡಾದರೂ ಹಾರಿಸಿದ್ದುಂಟಾ ಮಾರಾಯ? ಇಲ್ಲದಿದ್ದರೆ ಅದು ವಾಚ್‌ಮನ್ ಕೆಲಸ ಅಲ್ವಾ?" ಎಲ್ಲರೂ ನಕ್ಕರು. ಅಣ್ಣನೂ ನಕ್ಕ. ಆಮೇಲೆ ಆ ಟೊಪ್ಪಿ ಟ್ರಂಕ್ ಸೇರಿತು, ಲೆಬನಾನ್ ಮಾತು ಅವನ ಬಾಯಲ್ಲಿ ಮತ್ತೆ ಬಂದಿಲ್ಲ. ಕೊಡಗಿನಲ್ಲಿ ಮನೆಮನೆಯಲ್ಲೂ ಸೈನಿಕರಿದ್ದಾರೆ ಅಂತ ಎದೆಯುಬ್ಬಿಸುತ್ತೇವೆ. ಅಂಥ ನಾಡಿನಲ್ಲೇ ಶಾಂತಿ ಕಾಯ್ದು ಬಂದವನಿಗೆ ಈ ಮರ್ಯಾದೆ.

ತಿಮ್ಮಯ್ಯನವರು ಪ್ರಾಣ ಬಿಟ್ಟದ್ದು ಎಲ್ಲಿ ಗೊತ್ತೇ? ಸೈಪ್ರಸ್‌ನಲ್ಲಿ. ದಂಡನಾಯಕ ಹುದ್ದೆಯಿಂದ ಇಳಿದ ಮೇಲೆ ಆರಾಮವಾಗಿ ತೋಟ ನೋಡಿಕೊಂಡು ಇರಬಹುದಿತ್ತು. 1964ರ ಜುಲೈನಲ್ಲಿ ಗ್ರೀಕ್ ಮತ್ತು ಟರ್ಕಿಶ್ ಸೈಪ್ರಿಯಟ್ಟರ ನಡುವೆ ನಿಲ್ಲುವ ವಿಶ್ವಸಂಸ್ಥೆಯ ಪಡೆಗೆ ಮುಖ್ಯಸ್ಥರಾಗಿ ಹೋದರು. ಹೋದ ಮುಂದಿನ ತಿಂಗಳೇ ಅಲ್ಲಿ ಟರ್ಕಿಯ ವಿಮಾನಗಳು ಬಾಂಬ್ ಹಾಕಿದವು. 1965ರ ಡಿಸೆಂಬರ್ 18ರಂದು ಕರ್ತವ್ಯದಲ್ಲಿದ್ದಾಗಲೇ ಹೃದಯಾಘಾತದಿಂದ ತೀರಿಕೊಂಡರು. ಮರುವರ್ಷ ಆ ಪುಟ್ಟ ದೇಶ ಅವರ ಹೆಸರಿನಲ್ಲಿ ಅಂಚೆಚೀಟಿ ತಂದಿತು. ಹೊರಗಿನವರು ನೆನೆದದ್ದು ಅವರ ಯಾವ ಕೆಲಸವನ್ನು ಅಂತ ಯೋಚಿಸಿ.

ಸಂಘಟಕರಿಗೆ ನನ್ನದು ಒಂದೇ ಬೇಡಿಕೆ, ಈಗಲೇ ಇಲ್ಲಿ ಬರೆದು ಕೇಳುತ್ತಿದ್ದೇನೆ. ಮುಂದಿನ ವರ್ಷ 'ಜನರಲ್ ತಿಮ್ಮಯ್ಯ' ಅಂತ ಬರೀ ಹೆಸರು ಕೊಡಬೇಡಿ. 'ಕೊರಿಯಾ ಮತ್ತು ಸೈಪ್ರಸ್‌ನಲ್ಲಿ ತಿಮ್ಮಯ್ಯ' ಅಂತ ವಿಷಯ ಕೊಡಿ. ಅಂಕಪಟ್ಟಿಯಲ್ಲಿ 'ಆವೇಶ' ಅನ್ನುವ ಕಾಲಂ ತೆಗೆದು 'ಸತ್ಯಾಂಶ' ಅಂತ ಹಾಕಿ. ಯಾವ ಶಾಲೆಯ ಟೀಚರ್ ಆದರೂ ಸರಿ, ಮಕ್ಕಳಿಗೆ ಹೇಳಿಕೊಡಲು ಟಿಪ್ಪಣಿ ಬೇಕಿದ್ದರೆ ಇನ್‌ಬಾಕ್ಸ್ ಮಾಡಿ, ನಾನು ಬರೆದುಕೊಡುತ್ತೇನೆ. ಆ ಹುಡುಗಿಯ ಶಾಲೆಯವರು ಇದನ್ನು ಓದುತ್ತಿದ್ದರೆ ದಯವಿಟ್ಟು ನನ್ನನ್ನು ಸಂಪರ್ಕಿಸಿ. ಅವಳಿಗೆ ಸಿಗಬೇಕಿದ್ದ ಪುಸ್ತಕಗಳನ್ನು ನಾನೇ ತಂದು ಕೊಡಬೇಕು.