ನ್ಯಾಯದೇವಿ ಕಣ್ಣು ಬಿಟ್ಟಳು, ಭಾಗಶಃ

2024ರ ಕೊನೆಯಲ್ಲಿ ನಮ್ಮ ಸುಪ್ರೀಂ ಕೋರ್ಟ್ ಬೇಸಿಗೆ ರಜೆಯನ್ನೇ ತೆಗೆದುಹಾಕಿತು. ವಕೀಲರು ಗಾಬರಿಯಾಗಬೇಕಿಲ್ಲ, ರಜೆ ಇದ್ದ ಹಾಗೇ ಇದೆ. ಹೋಗಿದ್ದು ಹೆಸರು ಮಾತ್ರ. ಈಗ ಅದು ‘ಭಾಗಶಃ ಕೆಲಸದ ದಿನಗಳು’. 2025ರಲ್ಲಿ ಮೇ 26ರಿಂದ ಜುಲೈ 13ರವರೆಗೆ ನ್ಯಾಯಾಲಯ ಭಾಗಶಃ ಕೆಲಸ ಮಾಡಿತು. ಕೆಲವು ಪೀಠಗಳು ಕೂತವು, ಸುಳ್ಳು ಹೇಳಬಾರದು. ಆದರೂ ಉಪಾಯ ಚೆನ್ನಾಗಿದೆ ಅಲ್ವಾ? ಮಧ್ಯಾಹ್ನ ಊಟ ಮಾಡಿ ಮಲಗಿದ್ದಾಗ ಯಾರಾದರೂ ಎಬ್ಬಿಸಿದರೆ, ನಿದ್ದೆ ಮಾಡ್ತಿದ್ದೆ ಅನ್ನಬೇಡಿ. ಭಾಗಶಃ ಎಚ್ಚರವಿದ್ದೆ ಅನ್ನಿ.

2024ರಲ್ಲೇ ಜಡ್ಜ್‌ಗಳ ಲೈಬ್ರರಿಯ ಹೊಸ ನ್ಯಾಯದೇವಿ ಸುದ್ದಿಯಾದಳು. ಸೀರೆ ಉಟ್ಟಿದ್ದಾಳೆ. ಕಣ್ಣಿಗೆ ಪಟ್ಟಿ ಇಲ್ಲ. ಕತ್ತಿ ಹೋಗಿ ಕೈಗೆ ಸಂವಿಧಾನ ಬಂದಿದೆ. ತಕ್ಕಡಿ ಮಾತ್ರ ಹಳೆಯದೇ. ಇಷ್ಟು ಕಾಲ ಕಣ್ಣು ಕಟ್ಟಿಕೊಂಡಿದ್ದವಳು ಕಣ್ಣು ಬಿಟ್ಟಾಗ ಬಾಕಿ ಕೇಸುಗಳು 80 ಸಾವಿರ ದಾಟಿದ್ದವು. ಪಟ್ಟಿ ವಾಪಸ್ ಕೇಳಿದಳೋ ಏನೋ.

ಇನ್ನು ಗಾಜಿನ ಕಥೆ. ಕೋರ್ಟ್ ಹಾಲ್‌ಗಳ ಮುಂದಿನ ಪಡಸಾಲೆಗೆ ಎ.ಸಿ. ಹಾಕಬೇಕೆಂದು ಗಾಜಿನ ಗೋಡೆ ನಿಲ್ಲಿಸಿದರು. ಖರ್ಚು ಸುಮಾರು 2.6 ಕೋಟಿ ರೂಪಾಯಿ. ಓಡಾಡಲು ಜಾಗ ಸಾಲದು ಎಂದು ವಕೀಲರು ತಕರಾರು ತೆಗೆದರು. ಮುಖ್ಯ ನ್ಯಾಯಮೂರ್ತಿ ಬದಲಾದರು. 2025ರ ಜೂನ್‌ನಲ್ಲಿ ಗಾಜೂ ಹೋಯಿತು, ಅದನ್ನು ಬಿಚ್ಚಲು ಇನ್ನೂ ಎಂಟೂವರೆ ಲಕ್ಷ. ಒಂದು ವಿಷಯ ಮೆಚ್ಚಲೇಬೇಕು. ಹಾಕಿದ್ದು, ತಕರಾರು ಬಂದದ್ದು, ತೆಗೆದದ್ದು, ಎಲ್ಲ ಎರಡು ಮೂರು ವರ್ಷದಲ್ಲೇ ಮುಗಿಯಿತು. ಒಂದೇ ಒಂದು ವಾಯಿದೆ ಇಲ್ಲ! ನಿಮ್ಮ ಜಮೀನಿನ ವ್ಯಾಜ್ಯವೂ ಗಾಜಿನದಾಗಿದ್ದರೆ ಇಷ್ಟು ಹೊತ್ತಿಗೆ ಇತ್ಯರ್ಥವಾಗಿರುತ್ತಿತ್ತು.

ಮೊದಲು ಹೀಗಿರಲಿಲ್ಲ. 1950ರ ಜನವರಿ 28ರಂದು ಕೋರ್ಟ್ ಶುರುವಾದಾಗ ಅದಕ್ಕೆ ಸ್ವಂತ ಮನೆಯೇ ಇರಲಿಲ್ಲ. ಸಂಸತ್ ಭವನದಲ್ಲಿ ರಾಜಮಹಾರಾಜರ ಸಭೆಗೆಂದು ಮಾಡಿದ್ದ ಹಾಲ್‌ನಲ್ಲಿ ಕೂತಿತ್ತು. ರಾಜರು ಹೋಗಿದ್ದರು, ಹಾಲ್ ಉಳಿದಿತ್ತು. ಮುಖ್ಯ ನ್ಯಾಯಮೂರ್ತಿ ಎಚ್.ಜೆ. ಕನಿಯಾ ಸೇರಿ ಇದ್ದದ್ದು 8 ಹುದ್ದೆ. ತಕ್ಕಡಿ ಆಕಾರದ ಸ್ವಂತ ಕಟ್ಟಡ ಬಂದದ್ದು 1958ರಲ್ಲಿ. ಆಮೇಲೆ ಕೇಸು ಜಾಸ್ತಿಯಾದಾಗಲೆಲ್ಲ ಕುರ್ಚಿ ಹೆಚ್ಚಿಸಿದರು. 11, 14, 18, 26, 31, ಕೊನೆಗೆ 2019ರಲ್ಲಿ 34. ಕೇಸುಗಳಿಗೆ ಇದು ಒಂಥರಾ ಪ್ರೋತ್ಸಾಹವಾಯಿತು. ಕುರ್ಚಿ ಹಾಕಿದ್ದಾರೆ, ಬನ್ನಿ ಕೂರೋಣ ಅಂತ ಅವೂ ಬಂದು ಕೂತವು.

ಆದರೆ ಮಧ್ಯದ ಆ ಒಂದು ಕುರ್ಚಿ ಇದೆಯಲ್ಲ, ಅದು ಬಿಸಿಯಾಗುವುದರೊಳಗೆ ಕೂತವರು ಎದ್ದಿರುತ್ತಾರೆ. ಹಿರಿತನದ ಸರದಿ, 65ಕ್ಕೆ ನಿವೃತ್ತಿ. ಎಪ್ಪತ್ತೈದು ವರ್ಷದಲ್ಲಿ ಐವತ್ತಕ್ಕೂ ಹೆಚ್ಚು ಮುಖ್ಯ ನ್ಯಾಯಮೂರ್ತಿಗಳು ಬಂದುಹೋದರು. 1991ರಲ್ಲಿ ಕಮಲ್ ನಾರಾಯಣ್ ಸಿಂಗ್ ಅವರಿಗೆ ಸಿಕ್ಕಿದ್ದು 17 ದಿನ. ಹಾಲಿನವನ ಲೆಕ್ಕವೂ ತಿಂಗಳಿಗೊಮ್ಮೆ ಅಲ್ಲವೇ? ನಮ್ಮ ಕರ್ನಾಟಕದ ಎಸ್. ರಾಜೇಂದ್ರ ಬಾಬು ಅವರಿಗೆ 2004ರಲ್ಲಿ ಒಂದು ತಿಂಗಳು, ಅದೂ ಮೇ ತಿಂಗಳು. ಇಷ್ಟು ದಿನದಲ್ಲಿ 80 ಸಾವಿರ ಕೇಸು ಮುಗಿಸಿ ಅಂದರೆ ಯಾರಿಂದಾದೀತು? ಗಾಜು ಹಾಕಬಹುದು, ಗಾಜು ತೆಗೆಯಬಹುದು.

ಸರದಿ ತಪ್ಪದಿದ್ದರೆ 2027ರ ಸೆಪ್ಟೆಂಬರ್‌ನಲ್ಲಿ ನಮ್ಮವರೇ ಆದ ಬಿ.ವಿ. ನಾಗರತ್ನ ಅವರು ದೇಶದ ಮೊದಲ ಮಹಿಳಾ ಮುಖ್ಯ ನ್ಯಾಯಮೂರ್ತಿ ಆಗುತ್ತಾರೆ. ಹೆಣ್ಣುಮಗಳೊಬ್ಬಳು ಆ ಕುರ್ಚಿಗೆ ಬರಲು 77 ವರ್ಷ, ಕೂರಲು 36 ದಿನ. ಆ 36 ದಿನದ ನಡುವೆ ದಸರಾ ಬೇರೆ ಬರುತ್ತದೆ. ಹೊಸ ಹೆಸರು ಸಿಕ್ಕಿರುವುದು ಬೇಸಿಗೆ ರಜೆಗೆ ಮಾತ್ರ, ದಸರಾ ರಜೆಯನ್ನು ಇನ್ನೂ ರಜೆ ಅಂತಲೇ ಕರೆಯುತ್ತಾರೆ. ಇರಲಿ, 2027ರ ತನಕ ಟೈಮಿದೆ. ಒಂದು ಸಮಿತಿ ಮಾಡಿದರಾಯಿತು.