ಗೈಡ್ ಜೊತೆ ನಡೆದಾಗಲೇ ದುರ್ಗ ಕಂಡದ್ದು

"ಚಿತ್ರದುರ್ಗಕ್ಕೆ ಗೈಡ್ ಬೇಕಿಲ್ಲ, ಬೋರ್ಡ್ ಓದಿಕೊಂಡು ಎರಡು ಗಂಟೆಯಲ್ಲಿ ನೋಡಿ ಬರಬಹುದು" ಅಂತ ಬರೆದಿದ್ದೀರಿ. ಲೇಖನ ಚೆನ್ನಾಗಿದೆ ಸಾರ್, ಆದರೆ ಈ ಮಾತು ಮಾತ್ರ ಒಪ್ಪಲಾರೆ. ನಾನು ದಾವಣಗೆರೆಯವಳು. ಮೂರು ಸಲ ಹಾಗೇ ಸುಮ್ನೆ ಸುತ್ತಿ ಬಂದಿದ್ದೆ. ಓಬವ್ವನ ಕಿಂಡಿ ಹತ್ತಿರ ಒಂದು ಫೋಟೊ, ಮಂಡಕ್ಕಿ ಮಿರ್ಚಿ, ವಾಪಸ್ ಬಸ್ಸು. ಅಷ್ಟೇ.

ಕಳೆದ ತಿಂಗಳು ಅತ್ತೆ ಮಾವನ ಜೊತೆ ಹೋದಾಗ ನಮಗಷ್ಟೇ ಅಂತ ಒಬ್ಬ ಗೈಡ್ ಗೊತ್ತು ಮಾಡಿಕೊಂಡೆವು. ಕೋಟೆ ಬಾಗಿಲ ಹತ್ತಿರ ದಾರಿ ಯಾಕೆ ಥಟ್ಟನೆ ತಿರುಗುತ್ತದೆ ಹೇಳಿ ನೋಡೋಣ ಅಂದರು. ನಮಗೆ ಗೊತ್ತಾಗಲಿಲ್ಲ. ಆನೆ ದೂರದಿಂದ ಓಡಿ ಬಂದು ಬಾಗಿಲಿಗೆ ಗುದ್ದಬಾರದಲ್ವಾ, ಅದಕ್ಕೆ! ಬಂಡೆ ಮೇಲೆ ಸಾಲಾಗಿದ್ದ ಗುಳಿಗಳಲ್ಲಿ ಮಾವನ ಬೆರಳು ಇಡಿಸಿದರು. ಅಲ್ಲಿ ಬೆಣೆ ಹೊಡೆದು ಕಲ್ಲು ಸೀಳುತ್ತಿದ್ದರಂತೆ. ಮಾವ ರೈತರು, ನೀರಿನ ವಿಷಯ ಬಂದಾಗ ಅಲ್ಲೇ ಕೂತುಬಿಟ್ಟರು. ಗೋಪಾಲಸ್ವಾಮಿ ಹೊಂಡ ತುಂಬಿದರೆ ಅಕ್ಕ ತಂಗಿ ಹೊಂಡಕ್ಕೆ, ಅಲ್ಲಿಂದ ಸಿಹಿನೀರು ಹೊಂಡ, ಕೊನೆಗೆ ಊರೊಳಗಿನ ಸಂತೆ ಹೊಂಡ. 1779ರಲ್ಲಿ ಹೈದರಾಲಿ ಕೈಗೆ ಹೋದ ಕೋಟೆ ಅಂತ ಶಾಲೆಯಲ್ಲಿ ಓದಿದ್ದೆ, ಈ ನೀರಿನ ದಾರಿ ಯಾರೂ ಹೇಳಿರಲಿಲ್ಲ.

ಆಮೇಲೆ ಹಳೇ ಪೇಟೆ ಕಡೆ ಇಳಿದು ರಂಗಯ್ಯನ ಬಾಗಿಲನ್ನೂ ನೋಡಿದೆವು. ಕೋಟೆಗೆ ಬರುವವರು ಅಲ್ಲಿಗೆ ಹೋಗುವುದೇ ಕಡಿಮೆ, ಬೇಜಾರಾಗುತ್ತದೆ.

ಹೋಗುವವರು ಬೆಳಿಗ್ಗೆ ಬೇಗ ಹತ್ತಿ, ಹನ್ನೊಂದಾದರೆ ಬಂಡೆ ಕಾಯುತ್ತದೆ. ಗೈಡ್ ದುಡ್ಡು ಮೊದಲೇ ಮಾತಾಡಿಕೊಳ್ಳಿ.